ಯಥಾಸ್ಥಿತಿಯಲ್ಲಿದ್ದ ಸೀಬೆಮರ

ಬಿಳಿ ಬಟ್ಟೆಗೆ ಹಾಕುವ ನೀಲಿ ಇಪ್ಪತ್ತೆರಡು ವರ್ಷ ಉಗುರಿನ ಸಂದಿಯಲ್ಲಿ ಕೂತು ಕೂತು ಅಲ್ಲೇ ಬಿಡಾರ ಹೂಡಿತ್ತು. ಹಾಗಾಗಿ ನಮ್ಮ ನರ್ಸಿಂಗ್ ಹೋಮಿನಲ್ಲಿ ಎಲ್ಲರಿಗೂ ಅವಳು ನೀಲಿಯಕ್ಕ. ರೋಗಿಗಳ ಚಾದರ, ದಿಂಬಿನ ಗವಸು, ಕಿಟಕಿ ಪರದೆ ಎಲ್ಲವೂ ಅವಳ ಮನೆಗೆ ಹೋಗಿ ಒಗೆಸಿಕೊಂಡು, ಬಿಸಿಲು ಕುಡಿದು, ಇಸ್ತ್ರಿಯಾಗಿ ಬರುತ್ತಿದ್ದವು. ನಾನು ಅಲ್ಲಿನ ಉಗ್ರಾಣ ನೋಡಿಕೊಳ್ಳುವವನು. ಮಧ್ಯಾಹ್ನ ವ್ಯಾನಿನಲ್ಲಿ ಹೋಗಿ ಕೊಳೆ ಕಟ್ಟು ಇಳಿಸುವುದು, ಮಡಿ ಕಟ್ಟು ಏರಿಸಿಕೊಳ್ಳುವುದು ನನ್ನ ಕೆಲಸ. ಅವಳ ಮಡಿಕೆ ಎಂಥದೆಂದರೆ, ಚಾದರದ ನಾಲ್ಕು ಮೂಲೆ ಒಂದರ ಮೇಲೊಂದು ಕೂತರೆ ನಡುವೆ ಸೂಜಿ ಹೋಗಲೂ ಜಾಗವಿರುತ್ತಿರಲಿಲ್ಲ.

ಮೊದಮೊದಲು ಕೈಗಾಡಿ ತಳ್ಳಿಕೊಂಡು ಅವಳೇ ಬರುತ್ತಿದ್ದಳು. ನರ್ಸುಗಳ ಕೋಣೆಯಲ್ಲಿ ಕೂತು ಹತ್ತು ನಿಮಿಷ ಹರಟುತ್ತಿದ್ದಳು. ಆಮೇಲೆ ಬರುವುದು ನಿಂತಿತು. ವ್ಯಾನೇ ಅವಳ ಮನೆಗೆ ಹೋಗಬೇಕಾಯಿತು. ಕಾರಣ ಕೇಳಿದರೆ, "ಮನೆ ಬಿಟ್ಟು ಬರೋ ಹಾಗಿಲ್ಲ ಕಣಪ್ಪ" ಎಂದಷ್ಟೇ ಹೇಳಿದಳು. ಆ ಮಾತು ಎಷ್ಟು ಅಕ್ಷರಶಃ ನಿಜ ಎಂಬುದು ನನಗೆ ಗೊತ್ತಾಗಲು ವರ್ಷಗಳೇ ಬೇಕಾದವು.

ಅವಳ ಮಾವ ಬಡಗಿ. ಆತ ಕಟ್ಟಿಸಿದ ಮನೆ ಅದು. ಆತನಿಗೆ ಇಬ್ಬರು ಗಂಡುಮಕ್ಕಳು. ಹಿರಿಯವನೇ ನೀಲಿಯಕ್ಕನ ಗಂಡ. ಬಸ್ ನಿಲ್ದಾಣದ ವಿಚಾರಣೆ ಕಿಟಕಿಯಲ್ಲಿ ಕೂತು ಯಾವ ಬಸ್ಸು ಎಷ್ಟು ಹೊತ್ತಿಗೆ ಎಲ್ಲಿಗೆ ಎಂದು ದಿನವಿಡೀ ಹೇಳುವ ಕೆಲಸ ಅವನದು. ಕಿರಿಯವನು ಗಾಜು ಕತ್ತರಿಸಿ ಕಿಟಕಿಗೆ ಕೂರಿಸುವವನು. ತಂದೆ ತೀರಿಕೊಂಡ ತಿಂಗಳಿಗೇ, "ಹಿಂದಿನ ಭಾಗ ನಿನಗೆ ಅಂತ ಅಪ್ಪ ನನಗೆ ಹೇಳಿದ್ರು" ಎಂದು ಒಬ್ಬ, "ನನಗೆ ಹೇಳಿದ್ದೇ ಬೇರೆ" ಎಂದು ಇನ್ನೊಬ್ಬ. ಹುಟ್ಟುತ್ತ ಅಣ್ಣತಮ್ಮಂದಿರು, ಬೆಳೆಯುತ್ತ ದಾಯಾದಿಗಳು ಎಂಬ ಗಾದೆ ಇವರ ಮನೆಯಲ್ಲಿ ನಿಜವಾಗಲು ಒಂದು ತಿಂಗಳು ಸಾಕಾಯಿತು. ನಡುಮನೆಗೆ ಅಡ್ಡಲಾಗಿ ಹಲಗೆ ಗೋಡೆ ಎದ್ದಿತು. ಎಡಕ್ಕೆ ಅಣ್ಣ, ಬಲಕ್ಕೆ ತಮ್ಮ, ಬೀದಿಗೆ ಇಬ್ಬರಿಗೂ ಬೇರೆ ಬೇರೆ ಬಾಗಿಲು. ಹಿತ್ತಿಲಿಗೆ ಆಳೆತ್ತರಕ್ಕೂ ಮೀರಿದ ತಗಡು ಹೊಡೆದರು. ಆ ತಗಡಿನ ಗೆರೆ ಸರಿಯಾಗಿ ಹೋಗಿ ತಾಗಿದ್ದು ಮಾವ ನೆಟ್ಟ ಸೀಬೆಮರಕ್ಕೆ. ಮರ ಯಾರಿಗೆ ಎಂದು ತೀರ್ಮಾನವಾಗದೆ ತಗಡನ್ನು ಮರದ ಎರಡೂ ಮಗ್ಗುಲಿಗೆ ತಂದು ನಿಲ್ಲಿಸಿಬಿಟ್ಟರು. ಕಾಂಡದ ಅರ್ಧ ಈ ಕಡೆ, ಅರ್ಧ ಆ ಕಡೆ. ತಗಡಿಗೂ ಕಾಂಡಕ್ಕೂ ನಡುವೆ ಒಂದು ಬೆರಳು ತೂರುವಷ್ಟು ಸಂದಿ.

ಮೊಕದ್ದಮೆ ಹೂಡಿದರು. ತೀರ್ಪು ಬರುವ ತನಕ ಸ್ವತ್ತನ್ನು ಯಥಾಸ್ಥಿತಿಯಲ್ಲಿ ಇಡಬೇಕು, ಯಾರೂ ಏನನ್ನೂ ಬದಲಾಯಿಸಬಾರದು ಎಂದು ಆದೇಶವಾಯಿತು. ಎಂಟು ವರ್ಷ ಕಳೆಯಿತು. ಗೋಡೆಯಲ್ಲಿ ಬಿರುಕು ಬಿಟ್ಟರೆ ಮೆತ್ತುವಂತಿಲ್ಲ. ನಲ್ಲಿ ಸೋರಿದರೆ ಕೆಳಗೆ ಪಾತ್ರೆ ಇಡಬೇಕು. ನೀಲಿಯಕ್ಕನ ಅಡುಗೆಮನೆ ಕಿಟಕಿಯ ಗಾಜು ಒಡೆದು ಆರು ವರ್ಷವಾಗಿತ್ತು. ಹಲಗೆಯ ಆಚೆ ಗಾಜು ಕತ್ತರಿಸುವ ಮೈದುನನೇ ಇದ್ದ; ಈಚೆ ರಟ್ಟು ಅಂಟಿಸಿತ್ತು.

ಇದೆಲ್ಲ ಹೋಗಲಿ ಎನ್ನಬಹುದು. ಆದರೆ ವಕೀಲರು ಇನ್ನೊಂದು ಮಾತು ಹೇಳಿದ್ದರು: "ಸ್ವಾಧೀನ ಬಿಡಬೇಡಿ. ಮನೆ ಒಂದು ಗಳಿಗೆ ಖಾಲಿ ಬಿಟ್ರೂ ಅವರು ಬೀಗ ಜಡೀತಾರೆ. ಆಮೇಲೆ ನನ್ನ ಕೇಳ್ಬೇಡಿ." ಆ ಮಾತು ಗಂಡನ ತಲೆಯಲ್ಲಿ ಮೊಳೆ ಹೊಡೆದ ಹಾಗೆ ಕೂತಿತು. ಅವನು ಕೆಲಸಕ್ಕೆ ಹೋದಾಗ ಅವಳು ಒಳಗಿರಬೇಕು. ಅವನ ರಜೆಯ ದಿನ ಮಾತ್ರ ಅವಳು ಸೋಪು, ಗಂಜಿ ತರಲು ಹೊರಗೆ ಹೋಗಬಹುದು. ನಾಲ್ಕು ಗಂಟೆ ದೂರದ ಊರಿನಲ್ಲಿದ್ದ ಮಗಳಿಗೆ ಹೆರಿಗೆಯಾದಾಗ ಒಂದು ರಜೆಗೆ ಅಪ್ಪ ಹೋಗಿ ಬಂದ, ಮುಂದಿನ ರಜೆಗೆ ಅಮ್ಮ ಹೋಗಿ ಸಂಜೆಯ ಬಸ್ಸಿಗೇ ತಿರುಗಿದಳು. ಮೊಮ್ಮಗಳು ಅಜ್ಜ ಅಜ್ಜಿಯನ್ನು ಒಟ್ಟಿಗೆ ನೋಡಿದ್ದು ಫೋಟೋದಲ್ಲಿ ಮಾತ್ರ.

ಒಮ್ಮೆ ನಾನು ತಮಾಷೆಗೆ ಕೇಳಿದೆ, "ಏನಕ್ಕಾ, ಮನೆ ನೀವು ಕಾಯ್ತಿದ್ದೀರೋ, ಮನೆ ನಿಮ್ಮನ್ನ ಕಾಯ್ತಿದೆಯೋ?"

ಅವಳು ನಗಲಿಲ್ಲ. ಚಾದರದ ಇನ್ನೊಂದು ತುದಿ ನನ್ನ ಕೈಗೆ ಕೊಟ್ಟು, "ಎಳೆದು ಹಿಡಿ" ಎಂದಳು.

ಆ ವರ್ಷ ಬಿಸಿಲು ಏರುವ ಹೊತ್ತಿಗೆ ಸೀಬೆಮರಕ್ಕೆ ಕಂಬಳಿಹುಳು ಬಂತು. ಬೂದಿ ಬಣ್ಣದ ಮೈ, ಬೆನ್ನ ಮೇಲೆ ಕಿತ್ತಳೆ ಚುಕ್ಕಿ, ಎರಡೂ ಪಕ್ಕ ಕುಂಚದಂತೆ ಕೂದಲು. ಹಿಂದಿನ ವರ್ಷಗಳಲ್ಲೂ ನಾಲ್ಕಾರು ಕಾಣುತ್ತಿದ್ದವು. ಈ ಸಲ ಬೆಳಿಗ್ಗೆ ಎದ್ದು ನೋಡಿದರೆ ಕಾಂಡದ ತೊಗಟೆ ಕಾಣದಷ್ಟು. ಇರುಳು ಎಲೆ ತಿಂದು, ಬೆಳಕು ಹರಿಯುವ ಮುಂಚೆ ಇಳಿದುಬಂದು ತೊಗಟೆಯ ಸೀಳಿನಲ್ಲಿ, ತಗಡಿನ ಮಡಿಕೆಯಲ್ಲಿ, ಎಂಟು ವರ್ಷದಿಂದ ಮೆತ್ತದ ಗೋಡೆಯ ಬಿರುಕಿನಲ್ಲಿ ಅಡಗುತ್ತಿದ್ದವು. ಯಥಾಸ್ಥಿತಿ ಅವಕ್ಕೆ ಚೆನ್ನಾಗಿ ಹಿಡಿಸಿತ್ತು.

ಅವಳು ಬಟ್ಟೆ ಒಣಹಾಕುವ ನಾಲ್ಕು ಹಗ್ಗವೂ ಆ ಮರದ ಆಸುಪಾಸಿನಲ್ಲೇ ಕಟ್ಟಿದ್ದು. ಗಾಳಿ ಬೀಸಿದಾಗ ಹುಳುವಿನ ಕೂದಲು ಹಾರಿ ಒದ್ದೆ ಚಾದರಕ್ಕೆ ಅಂಟಿತು. ಕಣ್ಣಿಗೆ ಕಾಣುವಂಥದ್ದಲ್ಲ. ಇಸ್ತ್ರಿಯ ಬಿಸಿಗೂ ಬಗ್ಗುವಂಥದ್ದಲ್ಲ. ಮೂರನೆಯ ದಿನ ನಮ್ಮ ಹೆಂಗಸರ ವಾರ್ಡಿನಲ್ಲಿ ಐದು ಜನರ ಬೆನ್ನಿಗೆ ದದ್ದು. ವೈದ್ಯರು ಔಷಧಿ ಬದಲಾಯಿಸಿದರು, ಮತ್ತೆ ಬದಲಾಯಿಸಿದರು. ಕೊನೆಗೆ ಒಬ್ಬ ನರ್ಸು ಚಾದರವನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡಿದಳು. ಇಡೀ ಕಟ್ಟನ್ನು ವಾಪಸು ಒಯ್ಯುವ ಕೆಲಸ ನನ್ನ ಪಾಲಿಗೆ ಬಂತು.

"ಹಿತ್ತಿಲು ಸರಿಯಾಗೋ ತನಕ ಒಳಗೇ ಒಣಗಿಸ್ಬೇಕಂತೆ ಅಕ್ಕ. ಇಲ್ಲಾಂದ್ರೆ ಬೇರೆಯವರಿಗೆ ಕೊಡ್ತೀವಿ ಅಂತಾರೆ ಮೇಲಿನವರು."

ನನ್ನ ಬಾಯಿಂದಲೇ ಆ ಮಾತು ಬಂತಲ್ಲ ಎಂದು ಈಗಲೂ ಮುಜುಗರವಾಗುತ್ತದೆ. ಅವಳು ತಲೆಯಾಡಿಸಿದಳು. ಮರುದಿನ ಹೋದಾಗ ಬಾಗಿಲಿನಿಂದ ಹಿತ್ತಿಲ ತನಕ ಮನೆಯೊಳಗೆ ಹಗ್ಗ ಕಟ್ಟಿ ಒದ್ದೆ ಚಾದರ ಇಳಿಬಿಟ್ಟಿದ್ದಳು. ಕೂದಲು ಒಳಗೆ ಬರದಂತೆ ಕಿಟಕಿಗಳ ಸಂದಿಗೆಲ್ಲ ಅಂಟುಪಟ್ಟಿ ಹಚ್ಚಿತ್ತು. ಅಡುಗೆಮನೆಗೆ ಹೋಗಬೇಕಾದರೆ ಹನ್ನೆರಡು ಚಾದರ ಸರಿಸಿಕೊಂಡು ಹೋಗಬೇಕು. ಗೋಡೆ ಬೆವೆತಿತ್ತು, ಇಸ್ತ್ರಿಪೆಟ್ಟಿಗೆಯ ಉಸಿರು ಚಾವಣಿಗೆ ಬಡಿದು ಕೆಳಗೆ ಬರುತ್ತಿತ್ತು. ಎಲ್ಲೋ ಒಂದು ಚಾದರದ ಹಿಂದಿನಿಂದ ಅವಳ ದನಿ ಮಾತ್ರ ಕೇಳುತ್ತಿತ್ತು: "ಇಲ್ಲಿದ್ದೀನಿ ಬಾ." ಅವಳ ಮೊಣಕೈಗಳ ತನಕ ಕೆಂಪು ಗಂಧೆ. ಪೊರಕೆಯಿಂದ ಗುಡಿಸಿ ತುಳಿಯಲು ಹೋಗಿದ್ದಳಂತೆ. ಹುಳು ಸತ್ತವು, ಕೂದಲು ಸಾಯಲಿಲ್ಲ.

ಆಮೇಲೆ ಕೋಲಿಗೆ ಚಿಂದಿ ಸುತ್ತಿ ಬೆಂಕಿ ಹಚ್ಚಿ ಕಾಂಡಕ್ಕೆ ಹಿಡಿದಳು. ತೊಗಟೆ ಒಂದಂಗೈ ಅಗಲ ಸುಟ್ಟು ಕಪ್ಪಾಯಿತು. ತಗಡಿನ ಮೇಲಿನಿಂದ ಒಂದು ಕೈ, ಆ ಕೈಯಲ್ಲೊಂದು ಫೋನು ಕಂಡಿತು. ಮೈದುನ ಫೋಟೋ ತೆಗೆದುಕೊಂಡ. ವಾರದೊಳಗೆ ಅವನ ವಕೀಲರ ಕಾಗದ ಬಂತು, ವಿವಾದಿತ ಸ್ವತ್ತಿಗೆ ಉದ್ದೇಶಪೂರ್ವಕ ಹಾನಿ ಎಂದು.

ಗಂಡ ಕಾಗದವನ್ನು ಎರಡು ಸಲ ಓದಿ ಮೇಜಿನ ಮೇಲಿಟ್ಟ. "ಇನ್ನು ಆ ಮರ ಮುಟ್ಬೇಡ."

"ಹುಳ ಏನ್ಮಾಡೋದು?"

"ಇರಲಿ. ಅವೇನು ಕೇಸು ಹಾಕಲ್ಲ."

"ನನ್ನ ಕೆಲಸ ಹೋಗುತ್ತೆ."

"ಮರ ಹೋದ್ರೆ ಮನೆ ಹೋಗುತ್ತೆ" ಎಂದು ಅವನು ಕೈ ತೊಳೆಯಲು ಎದ್ದ. ಅವನು ಕೆಟ್ಟವನಲ್ಲ. ಹೊಡೆದು ಬಡಿದು ಮಾಡಿದವನಲ್ಲ. ಎಂಟು ವರ್ಷ ಒಂದೇ ದಿಕ್ಕಿಗೆ ನೋಡಿ ನೋಡಿ ಅವನ ಕತ್ತು ಅಲ್ಲೇ ನೆಟ್ಟುಹೋಗಿತ್ತು.

ಔಷಧಿ ಹೊಡೆಯುವವನೊಬ್ಬನನ್ನು ನಾನು ವಿಚಾರಿಸಿದೆ. ಹಣ್ಣು ಬಲಿಯುತ್ತಿದೆ, ಕೆಳಗೆ ರೋಗಿಗಳ ಬಟ್ಟೆ ಇರುತ್ತದೆ ಎಂದಾಗ ಅವನೇ ಬೇಡವೆಂದ. ಆಗ ನೆನಪಾದದ್ದು ನಮ್ಮ ನರ್ಸಿಂಗ್ ಹೋಮಿನ ತೋಟದವಳು. ಅರವತ್ತು ದಾಟಿದ ಹೆಂಗಸು. ಗಿಡಗಳ ಜೊತೆ ಮಾತಾಡುತ್ತಾಳೆ, ಮನುಷ್ಯರ ಜೊತೆ ಕಡಿಮೆ. ಒಂದು ಮಧ್ಯಾಹ್ನ ಅವಳನ್ನೂ ವ್ಯಾನಿನಲ್ಲಿ ಕೂರಿಸಿಕೊಂಡು ಹೋದೆ. ಅವಳು ಸೆರಗಿನಿಂದ ಮೂಗು ಮುಚ್ಚಿಕೊಂಡು ಮರದ ಬುಡದಲ್ಲಿ ಸುಮ್ಮನೆ ಐದು ನಿಮಿಷ ನಿಂತಳು.

"ಮರ ಹತ್ತಿ ಯಾಕೆ ಹುಡುಕ್ತೀಯ? ಅದೇ ದಿನಾ ಇಳಿದು ಬರುತ್ತಲ್ಲ" ಎಂದಳು. "ಹಗಲು ಹೊತ್ತು ಅದಕ್ಕೆ ನೆರಳು ಬೇಕು. ಸಂದಿ ಹುಡುಕುತ್ತೆ. ಒಳ್ಳೆ ಸಂದಿ ನೀನೇ ಮಾಡಿಕೊಡು. ಗೋಣಿಚೀಲ ಎರಡು ಗೇಣು ಅಗಲ ಹರಿದು ಎದೆಮಟ್ಟಕ್ಕೆ ಕಾಂಡಕ್ಕೆ ಸುತ್ತು. ನಡುವೆ ಹಗ್ಗ ಕಟ್ಟಿ, ಮೇಲಿನ ಅರ್ಧ ಮಡಚಿ ಕೆಳಕ್ಕೆ ಬಿಡು, ಲಂಗದ ಹಾಗೆ. ಅದರೊಳಗೆ ಬಂದು ಕೂರುತ್ವೆ. ಮಧ್ಯಾಹ್ನ ಎತ್ತಿ ನೋಡು. ಇಕ್ಕುಳದಲ್ಲಿ ಹಿಡಿದು ಸೋಪಿನ ನೀರಿಗೆ ಹಾಕು. ಸೋಪು ನಿನ್ನತ್ರ ಇಲ್ಲದೆ ಇನ್ಯಾರತ್ರ ಇರುತ್ತೆ."

"ಅಷ್ಟೇನಾ?"

"ದಿನಾ ಎತ್ಬೇಕು. ಒಂದು ದಿನ ಬಿಟ್ರೆ ಅದಕ್ಕೆ ಮನೆ ಕಟ್ಟಿಕೊಟ್ಟ ಹಾಗಾಯ್ತು. ಪೂರ್ತಿ ಸುತ್ತಬೇಕು. ಅರ್ಧ ಸುತ್ತಿದ್ರೆ ಇನ್ನರ್ಧದಲ್ಲಿ ಇಳೀತವೆ."

ಅಲ್ಲೇ ಇದ್ದದ್ದು ತೊಡಕು. ಕಾಂಡದ ಇನ್ನರ್ಧ ತಗಡಿನ ಆಚೆ ಇತ್ತು. ಸಂದಿಯಲ್ಲಿ ಹಗ್ಗ ತೂರುತ್ತದೆ, ಕೈ ತೂರುವುದಿಲ್ಲ. ಆಚೆಯಿಂದ ಯಾರಾದರೂ ಹಿಡಿದು ಎಳೆಯಬೇಕು. ಆಚೆ ಹಗಲು ಹೊತ್ತು ಇರುವವಳು ಒಬ್ಬಳೇ, ಅವಳ ಓರಗಿತ್ತಿ, ಮೈದುನನ ಹೆಂಡತಿ.

ಇಬ್ಬರೂ ಮಾತಾಡಿ ಎಂಟು ವರ್ಷವಾಗಿತ್ತು. ಮುಖ ನೋಡದಿದ್ದರೂ ಓರಗಿತ್ತಿಯ ದಿನವೆಲ್ಲ ನೀಲಿಯಕ್ಕನಿಗೆ ಕಿವಿಪಾಠ. ಅವಳು ಔಷಧಿ ಅಂಗಡಿಗೆ ಕಾಗದದ ಲಕೋಟೆ ಅಂಟಿಸುತ್ತಾಳೆ. ಹತ್ತಕ್ಕೊಮ್ಮೆ ಕಟ್ಟು ಕುಟ್ಟಿ ಸಮ ಮಾಡುವ ಸದ್ದು ಹಲಗೆಯ ಈಚೆ ಕೇಳುತ್ತದೆ. ಯಾವಾಗ ಕೆಮ್ಮು ಹತ್ತಿತು, ಯಾವಾಗ ಬಿಟ್ಟಿತು, ಯಾವ ದಿನ ಗಂಡನ ಜೊತೆ ಮಾತಿಲ್ಲ ಎಂಬುದೂ ತಿಳಿಯುತ್ತದೆ. ಇವಳ ದಿನವೂ ಅವಳಿಗೆ ಹಾಗೇ ತಿಳಿಯುತ್ತಿರಬೇಕು.

ಮರುದಿನ ಗಂಡ ಕೆಲಸಕ್ಕೆ ಹೋದ ಮೇಲೆ ನೀಲಿಯಕ್ಕ ತನ್ನ ಕಡೆಯ ಅರ್ಧಕ್ಕೆ ಗೋಣಿ ಹಚ್ಚಿ ನಿಂತಳು. ಹಗ್ಗವನ್ನು ಸಂದಿಯಲ್ಲಿ ತೂರಿಸಿ ತಗಡಿಗೆ ಹೇಳಿದಳು:

"ಹಗ್ಗ ಕಳಿಸಿದ್ದೀನಿ. ಆ ಕಡೆ ಬುಡಕ್ಕೆ ಒಂದು ಗೋಣಿ ಎಸೀತೀನಿ. ಅದನ್ನ ಮರಕ್ಕೆ ಹಚ್ಚಿ, ಮೇಲಿಂದ ಹಗ್ಗ ಸುತ್ತಿ, ಈ ಸಂದಿಯಿಂದ ವಾಪಸ್ ಕೊಡ್ಬೇಕು. ಹುಳಕ್ಕೆ."

ಆಚೆ ಲಕೋಟೆ ಕುಟ್ಟುವುದು ನಿಂತಿತ್ತು. ನೀಲಿಯಕ್ಕ ತಗಡಿನ ಮೇಲಿನಿಂದ ಗೋಣಿಯ ತುಂಡು ಎಸೆದು ಕಾದಳು. ತೋಳು ತುರಿಸುತ್ತಿತ್ತು, ಗೋಣಿ ಬಿಟ್ಟು ಕೆರೆದುಕೊಳ್ಳುವಂತಿಲ್ಲ. ಸುಮಾರು ಹೊತ್ತಾದ ಮೇಲೆ ಹಗ್ಗ ಅವಳ ಕೈಯಲ್ಲಿ ಮಿಸುಕಿತು.

"ಎಷ್ಟು ಬಿಗಿ ಬೇಕು?" ಎಂದಿತು ಆಚೆಯ ದನಿ.

ಎಂಟು ವರ್ಷದಲ್ಲಿ ಆಡಿದ ಮೊದಲ ಮಾತು ಅದು. "ಬೆರಳು ಹೋಗ್ಬಾರ್ದು, ಅಷ್ಟು" ಎಂದಳು ನೀಲಿಯಕ್ಕ. ಆಮೇಲೆ ಒಳಗೆ ಹೋಗಿ ಚಾದರಗಳ ನಡುವೆ ನಿಂತು ಅತ್ತಳಂತೆ. ಯಾಕೆಂದು ತನಗೇ ಗೊತ್ತಾಗಲಿಲ್ಲ ಎಂದು ನನಗೆ ಹೇಳಿದಳು.

ಮೊದಲ ದಿನ ಗೋಣಿಯ ಮಡಿಕೆ ಎತ್ತಿದಾಗ ಈ ಕಡೆ ಅರ್ಧ ಬಕೆಟ್ಟು ಹುಳು ಸಿಕ್ಕಿತು. ಆ ಕಡೆ ಎಷ್ಟೆಂದು ಇವಳು ಕೇಳಲಿಲ್ಲ. ನಾಲ್ಕನೆಯ ದಿನಕ್ಕೆ ಕೇಳಿದಳು. ಹತ್ತನೆಯ ದಿನಕ್ಕೆ ಇಬ್ಬರಿಗೂ ಅದೊಂದು ರೂಢಿಯಾಯಿತು. ಮಧ್ಯಾಹ್ನ ವ್ಯಾನು ಬರುವ ಮುಂಚೆ ಇಬ್ಬರೂ ಮೂಗಿಗೆ ಒದ್ದೆ ಬಟ್ಟೆ ಕಟ್ಟಿಕೊಂಡು, ಕಣ್ಣಿಗೆ ಕನ್ನಡಕ ಹಾಕಿಕೊಂಡು ಮರದ ತಂತಮ್ಮ ಅರ್ಧಕ್ಕೆ ಬರುವರು. ಇಕ್ಕುಳ, ಬಕೆಟ್ಟು, ಮಾತು.

"ಅಕ್ಕ, ಕಂಬಳೀಲಿ ಕೂತು ಕೂದಲು ಆರಿಸ್ದ ಹಾಗಾಯ್ತು ನಮ್ಮ ಕಥೆ" ಎಂದಳು ಓರಗಿತ್ತಿ ಒಂದು ದಿನ. "ಎಷ್ಟು ತೆಗೆದ್ರೂ ಇನ್ನೊಂದಿರುತ್ತೆ."

"ನಿನ್ನೆಗಿಂತ ಕಮ್ಮಿ ಇವೆ."

"ನೀವು ಮಗಳ ಮನೆಗೆ ಹೋಗಲ್ವಾ?"

"ಹೋದ್ರೆ ಇಲ್ಲಿ ಯಾರಿರ್ತಾರೆ? ಮನೆ ಖಾಲಿ ಬಿಡ್ಬೇಡಿ ಅಂದಿದ್ದಾರೆ ವಕೀಲರು."

ಆ ಕಡೆ ಇಕ್ಕುಳವನ್ನು ಬಕೆಟ್ಟಿನ ಅಂಚಿಗೆ ಇಟ್ಟ ಸದ್ದಾಯಿತು. "ನಮ್ಮ ವಕೀಲರೂ ಅದೇ ಅಂದಿದ್ದಾರೆ. ಖಾಲಿ ಬಿಟ್ರೆ ನೀವು ಬೀಗ ಜಡೀತೀರಂತೆ. ನನ್ನ ಅಮ್ಮ ಹೋದಾಗ ನಾನು ಮಣ್ಣಿಗೆ ಹೋಗಿಲ್ಲ ಅಕ್ಕ. ಇವರು ಹೊರಗೂರಲ್ಲಿ ಗಾಜು ಕೂರಿಸ್ತಿದ್ರು."

ಆ ದಿನ ಆ ಕಡೆಯಿಂದ ಅಳು ಕೇಳಿದ್ದು ನೀಲಿಯಕ್ಕನಿಗೆ ನೆನಪಿತ್ತು. ಗಂಡಹೆಂಡಿರ ಜಗಳ ಇರಬೇಕೆಂದು ಅವಳು ಇಸ್ತ್ರಿ ಮುಂದುವರಿಸಿದ್ದಳು. ಈಗ ಇಕ್ಕುಳ ಹಿಡಿದು ನಿಂತಲ್ಲೇ ನಿಂತಳು. "ಬಕೆಟ್ಟಿನ ನೀರು ಬದಲಾಯಿಸು, ನೊರೆ ಹೋಗಿರುತ್ತೆ" ಎಂದಳು.

ಇಪ್ಪತ್ತು ದಿನ ಕಳೆದಿರಬೇಕು. ಅಂದು ಗಾಳಿ ಜೋರಿತ್ತು. ನಾನು ವ್ಯಾನಿನಿಂದ ಇಳಿದು ಕಟ್ಟು ಎತ್ತುತ್ತಿದ್ದೆ. ಹಿತ್ತಿಲಿನಿಂದ ನೀಲಿಯಕ್ಕ ಕೂಗಿದಳು. ಓಡಿಹೋದರೆ ತಗಡಿಗೆ ಕಿವಿ ಕೊಟ್ಟು ನಿಂತಿದ್ದಳು. ಓರಗಿತ್ತಿ ಕನ್ನಡಕ ಹಾಕಿಕೊಳ್ಳದೆ ಗೋಣಿ ಎತ್ತಿದ್ದಾಳೆ, ಎದುರು ಗಾಳಿಗೆ ಹುಳುವಿನ ಕೂದಲು ಕಣ್ಣಿಗೆ ನುಗ್ಗಿದೆ. ಆಚೆಯಿಂದ ನೋವಿನ ನರಳಿಕೆ ಸಣ್ಣಗೆ ಕೇಳುತ್ತಿತ್ತು.

"ಕಣ್ಣು ಉಜ್ಜಬೇಡ. ನೀರು ಹಾಕ್ಕೋ. ವ್ಯಾನು ಬಂದಿದೆ, ಆಸ್ಪತ್ರೆಗೆ ಹೋಗು" ಎಂದಳು ನೀಲಿಯಕ್ಕ.

"ಇವರು ಬರೋದು ಸಂಜೆ ಅಕ್ಕ. ಬಂದ ಮೇಲೆ ಹೋಗ್ತೀನಿ."

"ಅಷ್ಟೊತ್ತಿಗೆ ಕಣ್ಣು ಹೋಗುತ್ತೆ."

"ಮನೆ ಖಾಲಿ ಬಿಟ್ಟು ಹೇಗೆ ಹೋಗ್ಲಿ?"

ನಾನು ಅಲ್ಲೇ ಇದ್ದೆ. ನೀಲಿಯಕ್ಕನ ಮುಖ ನೋಡಿದೆ. ಕಣ್ಣಿಗೆ ಮುಳ್ಳು ನೆಟ್ಟವಳು ಕೂಡ ಆ ಮಾತು ಆಡುತ್ತಿದ್ದಾಳಲ್ಲ, ತಾನಾಗಿದ್ದರೂ ಅದನ್ನೇ ಆಡುತ್ತಿದ್ದೆನಲ್ಲ ಎಂದು ಅವಳಿಗೆ ಆಗ ಅನ್ನಿಸಿತಂತೆ. ಚಾದರಗಳನ್ನು ಎರಡೂ ಕೈಯಿಂದ ಸರಿಸಿಕೊಂಡು ಮನೆ ದಾಟಿ ಬೀದಿಗೆ ಇಳಿದಳು. ಎರಡು ಮುಂಬಾಗಿಲುಗಳ ನಡುವೆ ಹತ್ತು ಹೆಜ್ಜೆ. ಎಂಟು ವರ್ಷ ಇಡದ ಹೆಜ್ಜೆಗಳನ್ನು ಇಟ್ಟು ಮೈದುನನ ಬಾಗಿಲು ತಟ್ಟಿದಳು.

ಓರಗಿತ್ತಿ ಒಂದು ಕಣ್ಣಿಗೆ ಒದ್ದೆ ಬಟ್ಟೆ ಒತ್ತಿಕೊಂಡು ಬಾಗಿಲು ತೆಗೆದಳು. ಎಂಟು ವರ್ಷದ ನಂತರ ಒಬ್ಬರನ್ನೊಬ್ಬರು ನೋಡಿದ್ದು ಹಾಗೆ, ಮೂರು ಕಣ್ಣಿನಲ್ಲಿ.

"ನಾನು ಇಲ್ಲಿ ಕೂತಿರ್ತೀನಿ. ನೀನು ಹೊರಡು."

"ನಿಮ್ಮ ಮನೆ?"

"ಹೊರಡು ಅಂದ್ನಲ್ಲ."

ನಾನೇ ಓರಗಿತ್ತಿಯನ್ನು ಕೈಹಿಡಿದು ವ್ಯಾನಿಗೆ ಹತ್ತಿಸಿದೆ. ತಿರುಗಿ ನೋಡಿದರೆ ನೀಲಿಯಕ್ಕ ಆ ಮನೆಯ ಹೊಸಿಲ ಒಳಗೆ ನಿಂತಿದ್ದಳು. ಪಕ್ಕದಲ್ಲಿ ಅವಳ ಮನೆಯ ಬಾಗಿಲು ಹಾರುಹೊಡೆದಿತ್ತು. ಒಳಗೆ ಒದ್ದೆ ಚಾದರ ಗಾಳಿಗೆ ಅಲ್ಲಾಡುತ್ತಿತ್ತು, ಯಾರೂ ಇರಲಿಲ್ಲ.

ನಮ್ಮಲ್ಲಿ ಕಣ್ಣಿನ ವೈದ್ಯರು ಸೂಕ್ಷ್ಮ ಚಿಮಟದಿಂದ ಹನ್ನೊಂದು ಕೂದಲು ತೆಗೆದರು. ಎರಡು ಆಳಕ್ಕೆ ಹೋಗಿದ್ದವು. ಸಂಜೆ ತನಕ ಕಾದಿದ್ದರೆ ಏನಾಗುತ್ತಿತ್ತೋ ಹೇಳಲಾರೆ ಎಂದರು.

ಇತ್ತ ನೀಲಿಯಕ್ಕ ಆ ಮನೆಯ ನಡುಕೋಣೆಯಲ್ಲಿ ಒಂದು ಸ್ಟೂಲಿನ ಮೇಲೆ ಕೂತಳು. ಅವಳದೇ ಮನೆಯನ್ನು ಕನ್ನಡಿಯಲ್ಲಿ ನೋಡಿದ ಹಾಗಿತ್ತಂತೆ. ಅದೇ ಕಿಟಕಿ, ಅದೇ ಅಂಟುಪಟ್ಟಿ, ಸೋರುವ ನಲ್ಲಿಯ ಕೆಳಗೆ ಅದೇ ಥರದ ಪಾತ್ರೆ. ಹಲಗೆ ಗೋಡೆಯಾಚೆ ತನ್ನ ಮನೆಯ ಗಡಿಯಾರ ಹೊಡೆಯುವುದು ಕೇಳಿತು. ಸುಮ್ಮನೆ ಕೂರಲಾಗದೆ ಬಿದ್ದಿದ್ದ ಲಕೋಟೆಗಳನ್ನು ಅಂಟಿಸತೊಡಗಿದಳು.

ನಾಲ್ಕೂವರೆಗೆ ಮೈದುನ ಬಂದ. ಬಾಗಿಲಲ್ಲೇ ನಿಂತ. ಕೈಯಲ್ಲಿ ಗಾಜಿನ ಹಾಳೆ ಕಟ್ಟಿದ ರಟ್ಟು.

"ಅತ್ತಿಗೆ?"

"ಅವಳ ಕಣ್ಣಿಗೆ ಹುಳದ ಕೂದಲು ಹೋಯ್ತು. ನರ್ಸಿಂಗ್ ಹೋಮಿಗೆ ಕಳಿಸಿದ್ದೀನಿ. ನೀನು ಹೋಗು ಮೊದಲು."

ಅವನು ಗಾಜನ್ನು ಗೋಡೆಗೆ ಒರಗಿಸಿದ. ಹೋಗಲು ತಿರುಗಿದವನು ನಿಂತ. ಮನೆಯನ್ನೊಮ್ಮೆ ನೋಡಿದ, ಅವಳನ್ನು ನೋಡಿದ. ಅವನ ಲೆಕ್ಕ ಅವಳಿಗೆ ಅರ್ಥವಾಯಿತು. ಅವಳೂ ಅದೇ ಶಾಲೆಯಲ್ಲಿ ಎಂಟು ವರ್ಷ ಕಲಿತವಳು.

"ನಾನು ಬೀಗ ಜಡಿಯಲ್ಲ. ನನ್ನ ಮನೆನೂ ತೆರೆದೇ ಇದೆ. ಬೇಕಾದ್ರೆ ನೀನು ಹೋಗಿ ಜಡಿ" ಎಂದಳು.

ಅವನು ತಲೆ ತಗ್ಗಿಸಿ ಹೊರಟುಹೋದ.

ಗಂಡ ಬಂದದ್ದು ಆರಕ್ಕೆ. ಅವನು ತೆರೆದ ಬಾಗಿಲಲ್ಲಿ ಹೊಕ್ಕಿದ್ದು, ಚಾದರ ಸರಿಸುತ್ತ ಕರೆದದ್ದು, ಒಂದೊಂದೇ ಕೋಣೆಯಲ್ಲಿ ಅವನ ಹೆಜ್ಜೆ ಜೋರಾದದ್ದು ಎಲ್ಲ ಅವಳಿಗೆ ಹಲಗೆಯ ಆಚೆಯಿಂದ ಕೇಳಿಸಿತು. ಎದ್ದು ಹೊರಗೆ ಬಂದಳು. ಅವನೂ ಬೀದಿಗೆ ಬಂದ. ಹೆಂಡತಿ ತಮ್ಮನ ಬಾಗಿಲಿನಿಂದ ಇಳಿಯುವುದನ್ನು ನೋಡಿದ.

"ಮನೆ ಖಾಲಿ ಬಿಟ್ಟೆ" ಎಂದ.

"ನಾಲ್ಕು ಗಂಟೆ ಖಾಲಿ ಇತ್ತು. ಗೋಡೆ ಎಲ್ಲಿದೆಯೋ ಅಲ್ಲೇ ಇದೆ ನೋಡಿ."

"ಇದು ಅವರ ಉಪಾಯ. ನಿನ್ನ ಹೊರಗೆ ಕರೆಸೋಕೆ."

"ಕಣ್ಣಿಗೆ ಹುಳದ ಕೂದಲು ಚುಚ್ಚಿಕೊಂಡು ಯಾರಾದ್ರೂ ಉಪಾಯ ಮಾಡ್ತಾರಾ?"

ಅವನು ಒಳಗೆ ಹೋದ. ಆರು ದಿನ ಮಾತು ಬಿಟ್ಟ. ಮರುದಿನ ಹಿತ್ತಿಲ ಬಾಗಿಲಿಗೆ ಬೀಗ ಹಾಕಿ ಬೀಗದ ಕೈ ಜೇಬಿಗಿಟ್ಟುಕೊಂಡು ಕೆಲಸಕ್ಕೆ ಹೋದ.

ನೀಲಿಯಕ್ಕ ಆ ಬಾಗಿಲ ಮುಂದೆ ನಿಂತು ಬಹಳ ಹೊತ್ತು ಯೋಚಿಸಿದಳು. ಈಗ ಹಿತ್ತಿಲೂ ಇಲ್ಲ. ನಾಲ್ಕು ಗೋಡೆ, ಹನ್ನೆರಡು ಚಾದರ. ಮರಕ್ಕೆ ಕಟ್ಟಿದ ಗೋಣಿಯಲ್ಲಿ ಹುಳು ಬಂದು ತುಂಬಿಕೊಳ್ಳುತ್ತಿರುತ್ತವೆ. ಒಂದು ದಿನ ಬಿಟ್ಟರೆ ಅವಕ್ಕೆ ಮನೆ ಕಟ್ಟಿಕೊಟ್ಟ ಹಾಗೆ ಎಂದು ತೋಟದವಳು ಹೇಳಿದ್ದಳು. ಆಚೆಯವಳು ಕಣ್ಣಿಗೆ ಪಟ್ಟಿ ಕಟ್ಟಿಕೊಂಡು ಮಲಗಿದ್ದಳು. ನೀಲಿಯಕ್ಕ ಇಕ್ಕುಳ ತೆಗೆದುಕೊಂಡು ಮುಂಬಾಗಿಲಿನಿಂದ ಇಳಿದಳು. ಹತ್ತು ಹೆಜ್ಜೆ ನಡೆದು, ಆ ಮನೆಯೊಳಗಿನಿಂದ ಆ ಹಿತ್ತಿಲಿಗೆ ಹೋದಳು. ತಗಡಿನ ಆಚೆ ತನ್ನ ಹಗ್ಗಗಳು ಖಾಲಿ ತೂಗುವುದು ಸಂದಿಯಲ್ಲಿ ಕಂಡಿತು. ಆ ಅರ್ಧದ ಹುಳು ತೆಗೆದಳು. ತನ್ನ ಅರ್ಧಕ್ಕೆ ಅಲ್ಲಿಂದ ಕೈ ಎಟುಕಲಿಲ್ಲ.

ಆರನೆಯ ಸಂಜೆ ಗಂಡನ ಮುಂದೆ ಬಂದು ಕೂತಳು.

"ಹಿತ್ತಿಲ ಬಾಗಿಲು ತೆಗೀರಿ. ಇಲ್ಲಾಂದ್ರೆ ದಿನಾ ನಾನು ಅವರ ಮನೆಯಿಂದಲೇ ಮರಕ್ಕೆ ಹೋಗ್ತೀನಿ. ಬೀದಿಯವರೆಲ್ಲ ನೋಡ್ತಾರೆ. ಹಿತ್ತಿಲಿಗೆ ದಾರಿ ಅವರ ಕಡೆಯಿಂದ ಮಾತ್ರ ಅಂತ ಅವರ ವಕೀಲರು ಬರೆದುಕೊಳ್ಳಲಿ. ಸ್ವಾಧೀನ ಯಾರದು ಅಂತ ಆಮೇಲೆ ನೀವೇ ಹೇಳಿ."

ಅವನು ಅವಳನ್ನು ಹೊಸಬಳನ್ನು ನೋಡುವ ಹಾಗೆ ನೋಡಿದ. ಜೇಬಿನಿಂದ ಬೀಗದ ಕೈ ತೆಗೆದು ಮೇಜಿನ ಮೇಲಿಟ್ಟ. "ಲಾಯರು ಆಗ್ಬೇಕಿತ್ತು ನೀನು" ಎಂದ. ಅದನ್ನು ಕೋಪದಲ್ಲಿ ಹೇಳಿದನೋ ಮೆಚ್ಚಿ ಹೇಳಿದನೋ ಅವಳಿಗೆ ತಿಳಿಯಲಿಲ್ಲ.

ಆರು ದಿನ ಬಿಟ್ಟ ಗೋಣಿಯೊಳಗೆ ಹುಳು ಒಂದರ ಮೇಲೊಂದು ಹೆಣೆದುಕೊಂಡಿದ್ದವು. ಕೆಲವು ಗೂಡು ಕಟ್ಟಿಕೊಂಡಿದ್ದವು. ಗೋಣಿಯ ಸಮೇತ ಬಿಚ್ಚಿ ಸೋಪಿನ ನೀರಿನಲ್ಲಿ ಮುಳುಗಿಸಿ ಹೊಸದು ಕಟ್ಟಿದಳು. ಆಚೆಯಿಂದ ಒಕ್ಕಣ್ಣಿನಲ್ಲೇ ಓರಗಿತ್ತಿ ಹಗ್ಗ ಎಳೆದುಕೊಟ್ಟಳು. ತಿಂಗಳಾಗುವಷ್ಟರಲ್ಲಿ ಹುಳುವಿನ ಕಾಲ ಮುಗಿಯಿತು. ಮರದಲ್ಲಿ ಎಲೆಯ ನರ ಬಿಟ್ಟು ಬೇರೇನೂ ಉಳಿದಿರಲಿಲ್ಲ, ಹಣ್ಣು ಆ ವರ್ಷ ಬಲಿಯಲಿಲ್ಲ. ಮಳೆ ಬಿದ್ದು ಹಿತ್ತಿಲು ತೊಳೆದ ಮೇಲೆ ಒಂದು ಚಾದರ ಹೊರಗೆ ಹಾಕಿ, ಅದರ ಮೇಲೆ ತಾನೇ ಒಂದು ಹಗಲು ಮಲಗಿ ಎದ್ದು, ದದ್ದು ಬರಲಿಲ್ಲವೆಂದು ಖಾತ್ರಿಯಾದ ಮೇಲೆ ನನಗೆ ಹೇಳಿ ಕಳಿಸಿದಳು. ಕಿಟಕಿಯ ಅಂಟುಪಟ್ಟಿ ಕಿತ್ತದ್ದು ಅಂದೇ.

ಕೆಲಸ ಮುಗಿಯಲಿಲ್ಲ. ಪತಂಗಗಳು ತೊಗಟೆಯ ಮೇಲೂ ಗೋಡೆಯ ಬಿರುಕಿನ ಒಳಗೂ ಮೊಟ್ಟೆಯಿಟ್ಟು ಹೋಗಿರುತ್ತವೆ, ಕಂದು ಬಣ್ಣದ ಉಣ್ಣೆಯ ತೇಪೆಯ ಹಾಗೆ ಕಾಣುತ್ತವೆ, ಚಳಿಗಾಲದಲ್ಲಿ ಮೊಂಡು ಚಾಕುವಿನಿಂದ ಕೆರೆದು ಸೋಪಿನ ನೀರಿಗೆ ಹಾಕಬೇಕು, ನೆಲಕ್ಕೆ ಬೀಳಿಸಬಾರದು ಎಂದು ತೋಟದವಳು ಹೇಳಿದ್ದಳು. ಇಬ್ಬರೂ ಕೆರೆದರು. ಮುಂದಿನ ಬೇಸಿಗೆಯಲ್ಲಿ ದಿನಕ್ಕೆ ಹತ್ತು ಹದಿನೈದು ಹುಳು ಸಿಕ್ಕವು. ಮರ ಹಣ್ಣು ಬಿಟ್ಟಿತು. ಓರಗಿತ್ತಿಯ ಆ ಕಣ್ಣಿಗೆ ಮಾತ್ರ ಮಂಜು ಉಳಿಯಿತು. ಲಕೋಟೆಯ ಅಂಚು ಅವಳು ಈಗ ಬೆರಳಿನಿಂದ ತಡವಿ ಮಡಚುತ್ತಾಳೆ.

ಅಣ್ಣತಮ್ಮಂದಿರು ಇವತ್ತಿಗೂ ಮಾತಾಡುವುದಿಲ್ಲ. ನ್ಯಾಯಾಧೀಶರಿಗೆ ವರ್ಗವಾಯಿತು, ಹೊಸಬರು ಕಡತ ಮೊದಲಿನಿಂದ ಓದಬೇಕೆಂದರು. ಗಂಡ ನಿವೃತ್ತನಾದ. ಈಗ ಇಡೀ ದಿನ ಮುಂಬಾಗಿಲ ಬಳಿ ಕುರ್ಚಿ ಹಾಕಿಕೊಂಡು ಕೂರುತ್ತಾನೆ. ಮನೆ ಖಾಲಿಯಾಗುವ ಭಯ ಇನ್ನಿಲ್ಲವಾದ್ದರಿಂದ ನೀಲಿಯಕ್ಕ ಕಳೆದ ವರ್ಷ ಮಗಳ ಮನೆಗೆ ಹೋದಳು. ಬಸ್ಸು ಎಷ್ಟು ಹೊತ್ತಿಗೆಂದು ಗಂಡ ಬಾಯಿಪಾಠ ಹೇಳಿದ. ನೀವೂ ಬನ್ನಿ ಎಂದು ಅವಳು ಕರೆದಳು. ತಮ್ಮನ ಹೆಂಡತಿ ನೋಡಿಕೊಳ್ಳುತ್ತಾಳೆ ಎಂದೂ ಹೇಳಿದಳು. ಅವನು ಕುರ್ಚಿಯ ಕೈ ಹಿಡಿದುಕೊಂಡು ಬೀದಿ ನೋಡಿದ.

ಹದಿನೈದು ದಿನಕ್ಕೆಂದು ಹೋದವಳು ಹನ್ನೊಂದಕ್ಕೇ ಬಂದಳು. ಮಗಳ ಮನೆ ಚೆನ್ನಾಗಿತ್ತಾ ಎಂದು ಕೇಳಿದೆ.

"ಎಲ್ಲ ಚೆನ್ನಾಗಿತ್ತು. ಮೊಮ್ಮಗಳು ಬಿಡಲೇ ಇಲ್ಲ. ಆದ್ರೆ ಅಲ್ಲೂ ಬೆಳಿಗ್ಗೆ ಎದ್ದ ತಕ್ಷಣ ಬಾಗಿಲು ನೋಡ್ತಿದ್ದೆ. ಮಗಳು ಮಾರ್ಕೆಟ್ಟಿಗೆ ಹೋಗೋಣ ಬಾ ಅಂದ್ರೆ, ಮನೇಲಿ ಯಾರಿರ್ತಾರೆ ಅಂತ ಕೇಳ್ದೆ. ಅವಳು ನಕ್ಕಳು. ನನಗೆ ನಗು ಬರಲಿಲ್ಲ."

"ಇನ್ನು ನಾಲ್ಕು ದಿನ ಇರಬಹುದಿತ್ತಲ್ಲ ಅಕ್ಕ."

"ಚಳಿ ಶುರುವಾಯ್ತು. ಮೊಟ್ಟೆ ಕೆರೀಬೇಕು. ಅವಳಿಗೆ ಕಣ್ಣು ಸರಿ ಕಾಣಲ್ಲ, ಅವಳ ಅರ್ಧನೂ ನಾನೇ ನೋಡ್ಬೇಕು" ಎಂದು ಹೇಳಿ ನೀಲಿಯಕ್ಕ ಚಾದರದ ಕಟ್ಟು ನನ್ನ ಮುಂದಿಟ್ಟಳು. ನಾನು ಎಣಿಸಿಕೊಂಡೆ.